ಒಂಟಿಯಾಗಿ ವಾಸಿಸುವ ಹಿರಿಯ ನಾಗರಿಕರ ದಿನಚರಿ: ಸಾರ್ವಜನಿಕರಿಗೆ ಮಾಹಿತಿ

ಮಕ್ಕಳು ಉದ್ಯೋಗದ ನಿಮಿತ್ತ ಪರಸ್ಥಳದಲ್ಲಿ ನೆಲೆಸಿರುವುದು, ಪತಿ ಅಥವಾ ಪತ್ನಿಯ ಅಗಲಿಕೆ, ನಿವೃತ್ತಿ, ಶ್ರವಣ ಹಾಗೂ ದೃಷ್ಟಿ ಕುಂದುವುದು ಮುಂತಾದ ಕಾರಣಗಳಿಂದ ಅನೇಕ ಹಿರಿಯ ನಾಗರಿಕರು ಏಕಾಂಗಿಗಳಾಗುತ್ತಾರೆ. ವಿಶ್ವ ಆರೋಗ್ಯ ಸಂಸ್ಥೆಯ ಆಯೋಗವು 2025ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ, ಜಗತ್ತಿನಲ್ಲಿ ಪ್ರತಿ 6 ಜನರಲ್ಲಿ ಒಬ್ಬರು ಒಂಟಿತನದಿಂದ ಬಾಧಿತರಾಗಿದ್ದಾರೆ. ಇದರಿಂದ ಹೃದ್ರೋಗ, ಪಾರ್ಶ್ವವಾಯು ಹಾಗೂ ಖಿನ್ನತೆಯ ಸಂಭವ ಹೆಚ್ಚುತ್ತದೆ.

ದಿನಚರಿ ರೂಪಿಸಿಕೊಳ್ಳುವ ಬಗೆ

ದಿನವನ್ನು ಕೆಲಸಗಳಿಂದ ತುಂಬಿದ ಮಾತ್ರಕ್ಕೆ ಒಂಟಿತನ ನೀಗುವುದಿಲ್ಲ. ದಿನಕ್ಕೊಂದು ಕೆಲಸವಾದರೂ ಮತ್ತೊಬ್ಬರು ಎದುರುನೋಡುವಂತಹುದಾಗಿರಬೇಕು. ಈ ಕೆಳಗಿನ ಕ್ರಮಗಳನ್ನು ಅನುಕೂಲಕ್ಕೆ ತಕ್ಕಂತೆ ಅನುಸರಿಸಬಹುದು.

1. ಪ್ರತಿದಿನ ಒಂದೇ ವೇಳೆಗೆ ಹಾಲಿನ ಕೇಂದ್ರಕ್ಕೆ ಹೋಗಿ ಹಾಲು ತರುವುದು. ನಿತ್ಯ ಬರುವವರು ಒಂದು ದಿನ ಬಾರದಿದ್ದಲ್ಲಿ ಅದು ಅಲ್ಲಿನವರ ಗಮನಕ್ಕೆ ಬರುತ್ತದೆ.
2. ಸಾರ್ವಜನಿಕ ಗ್ರಂಥಾಲಯದಲ್ಲಿ ದಿನಪತ್ರಿಕೆ ಓದಿ, ದೃಷ್ಟಿ ಮಂದವಾಗಿರುವ ಸ್ನೇಹಿತರಿಗೆ ಮುಖ್ಯ ಸುದ್ದಿಗಳನ್ನು ದೂರವಾಣಿಯ ಮೂಲಕ ತಿಳಿಸುವುದು.
3. ಕುಂಡಗಳಲ್ಲಿ ಕೊತ್ತಂಬರಿ, ದೊಡ್ಡಪತ್ರೆ ಬೆಳೆಸಿ ನೆರೆಹೊರೆಯವರಿಗೆ ಹಂಚುವುದು.
4. ಪ್ರತಿ ಸಂಜೆ ಮೊಮ್ಮಕ್ಕಳಿಗೆ ಒಂದು ಒಗಟನ್ನು ಹೇಳಿ, ಮರುದಿನ ಅದರ ಉತ್ತರವನ್ನು ಕೇಳುವುದು.
5. ರಾತ್ರಿ ನಿಗದಿತ ವೇಳೆಗೆ ನೆರೆಯವರೊಬ್ಬರಿಗೆ ಕರೆ ಮಾಡುವುದು. ಕರೆ ಬಾರದಿದ್ದಲ್ಲಿ ಅವರು ಮನೆಗೆ ಬಂದು ನೋಡುವಂತೆ ಮೊದಲೇ ತಿಳಿಸಿರಬೇಕು. ಬಿದ್ದು ಏಳಲಾಗದ ಸಂದರ್ಭದಲ್ಲಿ ಈ ಏರ್ಪಾಡು ಪ್ರಾಣ ಉಳಿಸಬಲ್ಲದು.

ಹೊರಗೆ ಹೋಗಲಾಗದವರು ಕೊನೆಯ ಎರಡು ಕ್ರಮಗಳನ್ನು ಹಾಸಿಗೆಯಲ್ಲಿದ್ದುಕೊಂಡೇ ಪಾಲಿಸಬಹುದು.

ವೈದ್ಯರನ್ನು ಕಾಣಬೇಕಾದ ಸಂದರ್ಭ

ನಿದ್ರಾಹೀನತೆ, ಊಟದಲ್ಲಿ ನಿರಾಸಕ್ತಿ, ಬದುಕು ಬೇಡವೆಂಬ ಭಾವನೆ ಇವುಗಳನ್ನು ವಯೋಸಹಜವೆಂದು ಕಡೆಗಣಿಸಬಾರದು. ಬೇಸರವು ಎರಡು ವಾರಗಳಿಗೂ ಹೆಚ್ಚು ಕಾಲ ಮುಂದುವರಿದಲ್ಲಿ ವೈದ್ಯರನ್ನು ಸಂಪರ್ಕಿಸತಕ್ಕದ್ದು. ಬದುಕು ಬೇಡವೆಂಬ ಭಾವನೆ ಮೂಡಿದಲ್ಲಿ ಒಂದು ದಿನವೂ ಕಾಯಬಾರದು.

ಲಭ್ಯವಿರುವ ಸೇವೆಗಳು

• ಹಿರಿಯ ನಾಗರಿಕರ ರಾಷ್ಟ್ರೀಯ ಸಹಾಯವಾಣಿ: 14567. ಮಾಹಿತಿ, ಮಾರ್ಗದರ್ಶನ ಹಾಗೂ ಭಾವನಾತ್ಮಕ ಬೆಂಬಲಕ್ಕಾಗಿ ಉಚಿತವಾಗಿ ಕರೆ ಮಾಡಬಹುದು.
• ಟೆಲಿ ಮನಸ್ ಮಾನಸಿಕ ಆರೋಗ್ಯ ಸಹಾಯವಾಣಿ: 14416. ದಿನದ 24 ಗಂಟೆಯೂ ಲಭ್ಯವಿದ್ದು, ಕನ್ನಡದಲ್ಲಿಯೂ ಮಾತನಾಡಬಹುದು.
• ಹಿರಿಯ ನಾಗರಿಕರ ಗುರುತಿನ ಚೀಟಿ: 60 ವರ್ಷ ತುಂಬಿದವರು ಸೇವಾ ಸಿಂಧು ಜಾಲತಾಣದ ಮೂಲಕ ಅರ್ಜಿ ಸಲ್ಲಿಸಬಹುದು.
• ಮಕ್ಕಳು ಪೋಷಣೆ ಮಾಡದಿದ್ದಲ್ಲಿ, 2007ರ ಅಧಿನಿಯಮದ ಅನ್ವಯ ಉಪವಿಭಾಗಾಧಿಕಾರಿಗಳ ಅಧ್ಯಕ್ಷತೆಯ ನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಬಹುದು.

ಹಿರಿಯರೇ ಕರೆ ಮಾಡಲೆಂದು ಕಾಯದೆ, ಕುಟುಂಬದವರು ಹಾಗೂ ನೆರೆಹೊರೆಯವರು ದಿನಕ್ಕೊಮ್ಮೆ ಅವರ ಕ್ಷೇಮ ವಿಚಾರಿಸಬೇಕೆಂದು ಕೋರಲಾಗಿದೆ.