ನಿಮ್ಮೂರಿನ ಚರಿತ್ರೆ ಬರೆದಿಡಿ, ಕೆರೆಕಾಲುವೆ ಉಳಿದಾವು

ರೈತ ಬಾಂಧವರೇ, ನಿಮ್ಮ ಹೊಲದ ಹೆಸರೇನು? ನಾನು ಕೇಳುತ್ತಿರುವುದು ಸರ್ವೆ ನಂಬರನ್ನಲ್ಲ, ನಿಮ್ಮ ತಾತ ಕರೆಯುತ್ತಿದ್ದ ಹೆಸರನ್ನು. ಅದು ‘ಕೊಡಗಿ ಹೊಲ’ವಾಗಿದ್ದರೆ, ಹಿಂದೆ ಕೆರೆ ಕಟ್ಟಿಸಿದವರಿಗೋ ಅದನ್ನು ದುರಸ್ತಿಯಲ್ಲಿಟ್ಟವರಿಗೋ ಕೊಟ್ಟ ಮಾನ್ಯದ ಭೂಮಿ ಇದ್ದೀತು. ಒಂದು ಹೆಸರಿನಲ್ಲಿ ಊರಿನ ಚರಿತ್ರೆಯೇ ಅಡಗಿರುತ್ತದೆ.

ಕೃಷ್ಣರಾಜಪುರದ ಕಡೆಯ ಒಂದು ಹಳ್ಳಿಯಲ್ಲಿ ಹಿರಿಯ ನೀರುಗಂಟಿಯೊಬ್ಬರು ಕೋಲು ಚಾಚಿ, “ಕಾಲುವೆ ಇಲ್ಲೇ ಹರೀತಿತ್ತು ಸಾರ್” ಎಂದು ತೋರಿಸಿದರು. ಅಲ್ಲೀಗ ಕಾಂಪೌಂಡು ಗೋಡೆ ನಿಂತಿದೆ. “ನಾನು ಹೋದ ಮೇಲೆ ಯಾರನ್ನ ಕೇಳ್ತೀರಿ?” ಎಂದರು. ನನ್ನಲ್ಲಿ ಉತ್ತರವಿರಲಿಲ್ಲ.

ನಮ್ಮ ಪೂರ್ವ ಸೀಮೆಯ ಚರಿತ್ರೆ ಬೇಸಾಯದ ಚರಿತ್ರೆಯೇ. ರಾಜೇಂದ್ರ ಚೋಳನ ಕಾಲದ, 1043ರ ಕಾಡುಗೋಡಿ ಶಾಸನವು ಪಟ್ಟಂದೂರು ಕೆರೆ ಕಟ್ಟಿಸಿದ ಸಂಗತಿಯನ್ನು ಹೇಳುತ್ತದೆ. 1809ರಲ್ಲಿ ಬ್ರಿಟಿಷರ ದಂಡು ಬಂದು ನೆಲೆಸುವ ಮೊದಲೇ ಹಲಸೂರು, ದೊಮ್ಮಲೂರು ಹಳೆಯ ಊರುಗಳಾಗಿದ್ದವು. 1882ರಲ್ಲಿ ಮಹಾರಾಜ ಚಾಮರಾಜೇಂದ್ರ ಒಡೆಯರು ಆಂಗ್ಲೋ-ಇಂಡಿಯನ್ ಸಂಘಕ್ಕೆ ಸುಮಾರು 3,900 ಎಕರೆ ಕೊಟ್ಟರು. ಆ ಕುಟುಂಬಗಳು ಉಳುಮೆ ಮಾಡಿ ಬದುಕಲಿ ಎಂಬುದು ಉದ್ದೇಶ. ಸಂಘದ ಮುಖಂಡ ಡಿ.ಎಸ್. ವೈಟ್ ಅವರ ಹೆಸರಿನಿಂದ ಅದು ವೈಟ್‌ಫೀಲ್ಡ್ ಆಯಿತು. ಇಂದು ಕಂಪ್ಯೂಟರ್ ಕಂಪೆನಿಗಳಿಗೆ ಹೆಸರಾದ ಆ ಊರು ಹುಟ್ಟಿದ್ದು ಬೇಸಾಯಕ್ಕಾಗಿ!

ಅಮೆರಿಕದ ಅಯೋವ, ಇಲಿನಾಯ್ ಮುಂತಾದ ರಾಜ್ಯಗಳ ರೈತರ ಸೀಮೆಗಳಲ್ಲಿ 19ನೇ ಶತಮಾನದ ಕೊನೆಯ ದಶಕಗಳಲ್ಲೇ ಜಿಲ್ಲೆಜಿಲ್ಲೆಯ ಚರಿತ್ರೆಗಳು ಅಚ್ಚಾದವು. ಮೊದಲು ನೆಲ ಉತ್ತವರಾರು, ಗಿರಣಿ ಹಾಕಿದವರಾರು ಎಂಬುದೆಲ್ಲ ಅವುಗಳಲ್ಲಿ ಸಿಗುತ್ತದೆ. ಸಾವಿರ ವರ್ಷದ ಕೆರೆಗಳಿರುವ ನಾವು ಬರೆದಿಟ್ಟದ್ದು ಕಡಿಮೆ.

ಇದರಿಂದ ಲಾಭವೇನು?

ಹಲಸೂರು ಕೆರೆಯ ಕೋಡಿ ನೀರು ಬೆಳ್ಳಂದೂರಿಗೆ, ಅಲ್ಲಿಂದ ವರ್ತೂರಿಗೆ, ಕೊನೆಗೆ ದಕ್ಷಿಣ ಪಿನಾಕಿನಿಗೆ ಇಳಿಯುತ್ತದೆ. ಕೆರೆಗೆ ಕೆರೆಯನ್ನು ಹೆಣೆದದ್ದು ಕಾಲುವೆ. ಅದರ ಜಾಡು ಮುಚ್ಚಿದರೆ ನೀರು ದಾರಿ ತಪ್ಪುತ್ತದೆ. 2022ರ ಸೆಪ್ಟೆಂಬರಿನಲ್ಲಿ ಬೆಳ್ಳಂದೂರು, ಯಮಲೂರು ಸುತ್ತಮುತ್ತ ಮನೆಗಳಿಗೆ ನೀರು ನುಗ್ಗಿದ್ದನ್ನು ನೀವೆಲ್ಲ ಕಂಡಿದ್ದೀರಿ.

ಹೀಗೆ ಮಾಡಿ

1. ಭೂದಾಖಲೆ ಕಚೇರಿಯಿಂದ ನಿಮ್ಮ ಗ್ರಾಮನಕ್ಷೆಯ ಪ್ರತಿ ಪಡೆಯಿರಿ. ಕೆರೆ, ಹಳ್ಳ, ದಾರಿ ಮತ್ತು ಖರಾಬು ಜಮೀನನ್ನು ಬಣ್ಣದಲ್ಲಿ ಗುರುತಿಸಿ.
2. ಹಿರಿಯರನ್ನು ಜೊತೆಗೆ ಕರೆದುಕೊಂಡು ಏರಿ, ತೂಬು, ಕೋಡಿ, ಅಚ್ಚುಕಟ್ಟು ಸುತ್ತಿ ಬನ್ನಿ. ಹೊಲದ ಹೆಸರುಗಳನ್ನು ಅವರು ಹೇಳಿದಂತೆಯೇ ಬರೆದುಕೊಳ್ಳಿ.
3. ವೀರಗಲ್ಲು, ಮಾಸ್ತಿಗಲ್ಲು, ಶಾಸನಗಳಿಗೆ ಸುಣ್ಣ ಬಳಿಯಬೇಡಿ, ಒಗೆಯುವ ಕಲ್ಲು ಮಾಡಬೇಡಿ. ಬಿ.ಎಲ್. ರೈಸ್ ಅವರ ‘ಎಪಿಗ್ರಾಫಿಯಾ ಕರ್ನಾಟಿಕ’ದ 9ನೇ ಸಂಪುಟ ಬೆಂಗಳೂರು ಜಿಲ್ಲೆಯದು. ನಿಮ್ಮೂರಿನ ಕಲ್ಲು ಅದರಲ್ಲಿದೆಯೇ ನೋಡಿ.
4. ಬರೆದದ್ದರ ಒಂದು ಪ್ರತಿಯನ್ನು ಶಾಲೆಯಲ್ಲಿ, ಒಂದನ್ನು ಪಂಚಾಯಿತಿಯಲ್ಲಿ ಇಡಿ.

ಇದಕ್ಕೆ ಬೇಕಾದದ್ದು ನಲವತ್ತು ಹಾಳೆಯ ಒಂದು ನೋಟ್‌ಬುಕ್ಕು, ನಾಲ್ಕು ಭಾನುವಾರ. ನಿಮ್ಮೂರಿನ ನೀರುಗಂಟಿ ಇನ್ನೂ ಜಗಲಿಯ ಮೇಲೆ ಕೂತಿದ್ದರೆ, ಈ ಭಾನುವಾರವೇ ಹೋಗಿ ಮಾತನಾಡಿಸಿ.