ಎಣ್ಣೆ ಹಚ್ಚುವ ಮುಂಚೆ ಕೂಸಿನ ತಲೆ ನೋಡಿ

ಹುಟ್ಟಿದ ಕೂಸಿನ ತಲೆಯನ್ನು ಮಲೆನಾಡಿನಲ್ಲಿ ಬಿಡುವಾಗಿ, ಇಂಚಿಂಚೂ ಮುಟ್ಟಿ ನೋಡುವವರು ಮನೆಯ ಅಜ್ಜಿಯರು. ಕೊಪ್ಪ, ಶೃಂಗೇರಿ, ನರಸಿಂಹರಾಜಪುರದ ಕಡೆ ಹೆರಿಗೆ ಈಗ ಆಸ್ಪತ್ರೆಯಲ್ಲೇ ಆಗುತ್ತದೆ. ಆದರೆ ಎರಡು ಮೂರು ದಿನಕ್ಕೆ ಬಾಣಂತಿ ಮನೆಗೆ ಬಂದಿರುತ್ತಾಳೆ. ಆಮೇಲೆ ಬಚ್ಚಲ ಹಂಡೆಯ ಬಿಸಿನೀರು, ಕಾಲು ಚಾಚಿ ಕೂತ ಅಜ್ಜಿ, ನೆತ್ತಿಗೆ ಎಣ್ಣೆ. ಕೂದಲು ಒದ್ದೆಯಾಗಿ ತಲೆಗೆ ಅಂಟಿದಾಗ ಅಲ್ಲೊಂದು ಬೋಳು ಚುಕ್ಕೆಯೋ ಒಂದು ಉಬ್ಬೋ ಕಣ್ಣಿಗೆ ಬೀಳುತ್ತದೆ. ಕೂಡಲೇ ಪ್ರಶ್ನೆಗಳು ಏಳುತ್ತವೆ. ಆಸ್ಪತ್ರೆಯವರು ಏನಾದರೂ ತಾಗಿಸಿದರೇ? ಗ್ರಹಣದ ಹೊತ್ತಿನಲ್ಲಿ ಬಸುರಿ ಏನಾದರೂ ಕೊಯ್ದಳೇ?

ಗ್ರಹಣಕ್ಕೂ ಕೂಸಿನ ತಲೆಗೂ ಯಾವ ಸಂಬಂಧವೂ ಇಲ್ಲ. ಬಾಣಂತನದ ನೋವು, ನಿದ್ದೆಗೇಡಿನ ನಡುವೆ ಆ ಮಾತು ಕೇಳಿಸಿಕೊಂಡ ತಾಯಿ ತಿಂಗಳುಗಟ್ಟಲೆ ಅದನ್ನೇ ನೆನೆದು ಕೊರಗುತ್ತಾಳೆ. ಹಾಗಾಗಿ ಇದನ್ನು ಮೊದಲೇ, ಗಟ್ಟಿಯಾಗಿ ಹೇಳಬೇಕು. ಆಸ್ಪತ್ರೆಯ ಮೇಲಿನ ಅನುಮಾನವೂ ಬಹಳ ಸಲ ಆಧಾರವಿಲ್ಲದ್ದು. ನೆತ್ತಿಯ ಸುಳಿಯ ಪಕ್ಕದಲ್ಲಿ ನಾಣ್ಯದಷ್ಟು ಅಗಲದ, ಅಂಚು ಕೊರೆದಂತಿರುವ, ಕೂದಲೇ ಇಲ್ಲದ ಒಂದು ಜಾಗ ಕೆಲವು ಮಕ್ಕಳಲ್ಲಿ ಹುಟ್ಟುವಾಗಲೇ ಇರುತ್ತದೆ. ಅದು ಹಸಿ ಗಾಯದಂತಿರಬಹುದು. ಗರ್ಭದಲ್ಲೇ ಮಾಗಿ, ತೆಳುವಾದ ಹೊಳೆಯುವ ಕಲೆಯಾಗಿಯೂ ಇರಬಹುದು. ನೋಡಿದವರಿಗೆ ಇಕ್ಕಳ ತಾಗಿದ ಗಾಯವೆಂದೇ ಅನಿಸುತ್ತದೆ. ನಿಜದಲ್ಲಿ ಅದು ಆ ಜಾಗದಲ್ಲಿ ಚರ್ಮವೇ ಪೂರ್ತಿ ಬೆಳೆಯದೆ ಉಳಿದ ಸ್ಥಿತಿ. ವೈದ್ಯರು ಇದಕ್ಕೆ ಅಪ್ಲೇಸಿಯಾ ಕ್ಯೂಟಿಸ್ ಅನ್ನುತ್ತಾರೆ. ಇದರ ಮೊದಲ ವಿವರಣೆ ದಾಖಲಾಗಿದ್ದು 1767ರಲ್ಲಿ. ಹತ್ತು ಸಾವಿರ ಹೆರಿಗೆಗಳಲ್ಲಿ ಒಂದರಿಂದ ಮೂರು ಮಕ್ಕಳಲ್ಲಿ ಕಾಣುವ ಇದು ದೇಹದ ಬೇರೆ ಕಡೆಗಿಂತ ನೆತ್ತಿಯಲ್ಲೇ ಹೆಚ್ಚು. ಮಿದುಳು ವೇಗವಾಗಿ ಬೆಳೆಯುವ ವಾರಗಳಲ್ಲಿ ಅದರ ಮೇಲಿನ ಚರ್ಮ ಅತಿ ಹೆಚ್ಚು ಎಳೆತಕ್ಕೆ ಸಿಗುವುದು ಅಲ್ಲೇ ಎಂಬುದು ಇದಕ್ಕೆ ಕೊಡುವ ಒಂದು ವಿವರಣೆ. ಕೆಲವು ಮನೆತನಗಳಲ್ಲಿ ಇದು ವಂಶದಲ್ಲೇ ಬರುತ್ತದೆ. ಅಪ್ಪನ ಅಥವಾ ಅಜ್ಜನ ನೆತ್ತಿಯ ಕೂದಲು ಬಿಡಿಸಿ ನೋಡಿದರೆ ಅಲ್ಲೂ ಅಂಥದೇ ಒಂದು ಬೋಳು ಕಲೆ ಸಿಕ್ಕೀತು. ಥೈರಾಯ್ಡ್ ಹೆಚ್ಚಾದವರಿಗೆ ಕೊಡುವ ಕಾರ್ಬಿಮಜೋಲ್ ಗುಳಿಗೆಯನ್ನು ಬಸುರಿನ ಮೊದಲ ತಿಂಗಳುಗಳಲ್ಲಿ ತೆಗೆದುಕೊಂಡಾಗಲೂ ಹೀಗಾಗಬಹುದು. ಹಾಗೆಂದು ಗುಳಿಗೆಯನ್ನು ತಾವಾಗಿಯೇ ನಿಲ್ಲಿಸುವುದು ಇನ್ನೂ ಅಪಾಯ. ಬಸುರಾಗುವ ಯೋಚನೆ ಇದ್ದಾಗಲೇ ವೈದ್ಯರಿಗೆ ಹೇಳಿದರೆ ಅವರು ಮದ್ದು ಬದಲಿಸಿ ಕೊಡುತ್ತಾರೆ.

ಸಣ್ಣ ಗಾಯವಾದರೆ ಕೆಲವು ವಾರಗಳಲ್ಲಿ ತಾನೇ ಮಾಗುತ್ತದೆ, ಕೂದಲಿಲ್ಲದ ಕಲೆ ಮಾತ್ರ ಉಳಿಯುತ್ತದೆ. ಹಸಿ ಇರುವಷ್ಟು ದಿನ ಅದರ ಮೇಲೆ ಎಣ್ಣೆ, ಅರಿಶಿನ, ಸೊಪ್ಪಿನ ರಸ ಯಾವುದೂ ಬೇಡ. ಸ್ವಚ್ಛವಾಗಿಟ್ಟು ವೈದ್ಯರು ಹೇಳಿದ ಮುಲಾಮು ಹಚ್ಚಿದರೆ ಸಾಕು. ಆದರೆ ಆ ಬೋಳು ಜಾಗದ ಸುತ್ತ ಉಳಿದ ಕೂದಲಿಗಿಂತ ಕಪ್ಪಾದ, ಒರಟಾದ, ಉದ್ದ ಕೂದಲು ಬಳೆಯ ಆಕಾರದಲ್ಲಿ ಬೆಳೆದಿದ್ದರೆ ಎಚ್ಚರ. ಅಲ್ಲಿ ಕೆಳಗಿನ ಮೂಳೆಯೂ ಕೂಡಿರದೆ ಇರಬಹುದು, ಮಿದುಳಿನ ಪೊರೆಯ ಒಂದು ಚೂರು ಚರ್ಮದವರೆಗೆ ಬಂದಿರಬಹುದು. ತಲೆಯ ನಟ್ಟನಡುವಿನ ಗೆರೆಯಲ್ಲಿ, ನೆತ್ತಿಯಿಂದ ಹಿಂದಲೆಯವರೆಗೆ ಎಲ್ಲೇ ಗಂಟು, ಸಣ್ಣ ತೂತು, ಕೂದಲಿನ ಗೊಂಚಲು ಕಂಡರೂ ಅಷ್ಟೇ. ಕೂಸು ಅತ್ತಾಗ ಆ ಗಂಟು ಉಬ್ಬಿದರೆ ಒಳಗಿನೊಂದಿಗೆ ಅದಕ್ಕೆ ಸಂಪರ್ಕವಿದೆ ಎಂಬ ಅನುಮಾನ ಬಲವಾಗುತ್ತದೆ. ಇಂಥದ್ದನ್ನು ಹಿಚುಕಬಾರದು, ಸೂಜಿ ಹಾಕಬಾರದು, ಸ್ಕ್ಯಾನ್ ಆಗುವ ಮುಂಚೆ ಯಾರೂ ಕೊಯ್ಯಬಾರದು.

ಉಬ್ಬುಗಳ ವಿಷಯವೇ ಬೇರೆ. ಇಲ್ಲಿ ರೋಗನಿರ್ಣಯಕ್ಕೆ ಬೇಕಾದದ್ದು ಬೆರಳು ಮತ್ತು ಗಡಿಯಾರ. ಕೂಸಿನ ತಲೆಬುರುಡೆ ಒಂದೇ ಮೂಳೆಯಲ್ಲ, ಕೆಲವು ಫಲಕಗಳು ಕೂಡಿದ್ದು, ನಡುವೆ ಸಂದುಗಳಿವೆ. ಹುಟ್ಟಿದ ಗಳಿಗೆಯಲ್ಲೇ ಇದ್ದು, ಸಂದುಗಳನ್ನು ದಾಟಿ ಹರಡಿ, ಒತ್ತಿದರೆ ಗುಳಿ ಬೀಳುವ ಮೆತ್ತನೆಯ ಊತ ಬರಿಯ ನೀರೂತ. ಎರಡು ಮೂರು ದಿನದಲ್ಲಿ ಇಳಿದುಹೋಗುತ್ತದೆ. ಹುಟ್ಟಿದ ಕೆಲವು ಗಂಟೆಗಳ ನಂತರ, ಒಮ್ಮೊಮ್ಮೆ ಮಾರನೆಯ ದಿನ, ತಲೆಯ ಒಂದು ಬದಿಯಲ್ಲಿ ಎದ್ದು ಸಂದಿನ ಗೆರೆಗೆ ಬಂದು ಸರಿಯಾಗಿ ನಿಲ್ಲುವ ಉಬ್ಬು ಮೂಳೆಯ ಪೊರೆಯಡಿ ನಿಂತ ರಕ್ತ. ಪೊರೆ ಸಂದಿನಲ್ಲಿ ಮೂಳೆಗೆ ಭದ್ರವಾಗಿ ಅಂಟಿರುವುದರಿಂದ ರಕ್ತ ಆಚೆ ದಾಟಲಾರದು. ಇದು ಕರಗಲು ವಾರಗಳು ಬೇಕು, ಕೆಲವೊಮ್ಮೆ ತಿಂಗಳುಗಳು. ಒಡೆದ ರಕ್ತಕಣಗಳಿಂದ ಕಾಮಾಲೆ ಹೆಚ್ಚಬಹುದಾದ್ದರಿಂದ ಮೊದಲ ವಾರ ಕೂಸಿನ ಮೈ, ಕಣ್ಣಿನ ಬಣ್ಣ ಗಮನಿಸುತ್ತಿರಬೇಕು. ತಲೆ ದುಂಡಗಾಗಲೆಂದು ಅಜ್ಜಿಯರು ಮೀಸುವಾಗ ಅಂಗೈಯಿಂದ ಒತ್ತಿ ತಿದ್ದುವುದುಂಟು. ಈ ಉಬ್ಬಿನ ಮೇಲೆ ಆ ಒತ್ತು ಬೀಳಲೇಬಾರದು. ಸಿರಿಂಜಿನಿಂದ ತೆಗೆಸಲೂಬಾರದು, ಮುಚ್ಚಿದ ರಕ್ತಕ್ಕೆ ಸೋಂಕು ತಗಲಿದರೆ ಅದೇ ದೊಡ್ಡ ಕೇಡು.

ಮೂರನೆಯದು ನಿಜಕ್ಕೂ ಭಯಪಡಬೇಕಾದದ್ದು. 1950ರ ದಶಕದಲ್ಲಿ ಸ್ವೀಡನ್ನಿನ ತಾಗೆ ಮಾಲ್ಮ್‌ಸ್ಟ್ರೋಮ್ ಈಗಿನ ರೂಪಕ್ಕೆ ತಂದ ವ್ಯಾಕ್ಯೂಮ್ ಉಪಕರಣ ಲಕ್ಷಾಂತರ ಹೆರಿಗೆಗಳನ್ನು ಸುಲಭ ಮಾಡಿದೆ. ಬಟ್ಟಲನ್ನು ತಲೆಗೆ ಕೂರಿಸಿ, ಗಾಳಿ ಎಳೆದು, ನೋವಿನ ಜೊತೆಗೇ ಮೃದುವಾಗಿ ಎಳೆಯುವ ಸಾಧನ ಅದು. ಬಟ್ಟಲು ಕೂತಲ್ಲಿ ಏಳುವ ದುಂಡು ಊತ ಒಂದೆರಡು ದಿನದಲ್ಲಿ ಹೋಗುತ್ತದೆ. ಆದರೆ ಅಪರೂಪಕ್ಕೆ ಆ ಎಳೆತದಲ್ಲಿ ತಲೆಚರ್ಮಕ್ಕೂ ಮೂಳೆಯ ಪೊರೆಗೂ ನಡುವಿನ ಸಡಿಲ ಜಾಗದ ರಕ್ತನಾಳಗಳು ಹರಿಯುತ್ತವೆ. ಆ ಜಾಗಕ್ಕೆ ಗಡಿಯೇ ಇಲ್ಲ, ಹುಬ್ಬಿನಿಂದ ಕುತ್ತಿಗೆಯವರೆಗೆ ಹರಡಿದೆ. ಮೂರು ಕಿಲೋ ತೂಕದ ಕೂಸಿನ ಮೈಯಲ್ಲಿರುವ ಒಟ್ಟು ರಕ್ತ ಸುಮಾರು 250 ಮಿಲಿಲೀಟರ್. ಅದರ ಅರ್ಧಕ್ಕಿಂತ ಹೆಚ್ಚು ಅಲ್ಲಿ ಸೇರಿಕೊಂಡರೂ ಹೊರಗೆ ಒಂದು ಹನಿ ಕಾಣುವುದಿಲ್ಲ. ಮುಟ್ಟಿದರೆ ನೀರು ತುಂಬಿದ ಚೀಲದ ಹಾಗೆ ತಲೆಯೆಲ್ಲ ಅಲುಗುತ್ತದೆ, ಕಿವಿಗಳು ಮುಂದಕ್ಕೆ ದೂಡಿಕೊಂಡಿರುತ್ತವೆ, ಕೂಸು ಬಿಳಿಚುತ್ತದೆ, ಹಾಲು ಬಿಡುತ್ತದೆ. ಇದು ಬಹುತೇಕ ಮೊದಲ ಎರಡು ಮೂರು ದಿನಗಳಲ್ಲೇ ಗೊತ್ತಾಗುವಂಥದ್ದು. ಹೆರಿಗೆಯಾಗಿ 48 ಗಂಟೆಯಾದರೂ ಆಸ್ಪತ್ರೆಯಲ್ಲಿರಿ ಎಂದು ಸರ್ಕಾರ ಹೇಳುವುದಕ್ಕೆ, ಹುಟ್ಟಿದ ಕೂಡಲೇ ವಿಟಮಿನ್ ಕೆ ಚುಚ್ಚುಮದ್ದು ಕೊಡುವುದಕ್ಕೆ ಇರುವ ಕಾರಣಗಳಲ್ಲಿ ಇಂಥ ರಕ್ತಸ್ರಾವವೂ ಒಂದು. ಮನೆಯಲ್ಲಿ ಜನ ಕಾಯುತ್ತಿದ್ದಾರೆ, ಮಳೆ ಜೋರಾಗುವ ಮುಂಚೆ ಹೊರಡಬೇಕು ಎಂದು ಅವಸರಪಡುವವರು ಇದನ್ನು ಯೋಚಿಸಬೇಕು.

ಚರ್ಮದ ಕಲೆಗೇ ಮರಳಿದರೆ, ಬೋಳು ಜಾಗವೆಲ್ಲ ಒಂದೇ ಅಲ್ಲ. ಹಳದಿ ಅಥವಾ ಕಿತ್ತಳೆ ಛಾಯೆಯ, ಮೇಣದಂತೆ ನುಣುಪಾದ, ಉದ್ದಕ್ಕಿರುವ ಬೋಳು ಪಟ್ಟಿಯನ್ನು 1895ರಲ್ಲಿ ಯೋಸೆಫ್ ಯಾಡಾಸೋನ್ ವಿವರಿಸಿದ. ಇದು ಎಣ್ಣೆಗ್ರಂಥಿಗಳು ಅತಿಯಾಗಿ ಬೆಳೆದ ಹುಟ್ಟುಮಚ್ಚೆ, ಸುಮಾರು ಸಾವಿರಕ್ಕೆ ಮೂರು ಮಕ್ಕಳಲ್ಲಿ ಇರುತ್ತದೆ. ಭ್ರೂಣದ ಒಂದು ಜೀವಕೋಶದಲ್ಲಿ ಆದ ಜೀನ್ ಬದಲಾವಣೆ ಇದರ ಮೂಲ. ತಾಯಿ ತಿಂದದ್ದು, ಮಾಡಿದ್ದು ಯಾವುದೂ ಅಲ್ಲ. ಹರೆಯದಲ್ಲಿ ಇದು ದಪ್ಪಗಾಗಿ ಗಂಟುಗಂಟಾಗುತ್ತದೆ. ಹಿಂದೆ ಕ್ಯಾನ್ಸರಿನ ಹೆದರಿಕೆಯಿಂದ ಎಳೆಮಕ್ಕಳಲ್ಲೇ ಕೊಯ್ದು ತೆಗೆಯುತ್ತಿದ್ದರು. ಅದರಲ್ಲಿ ಏಳುವ ಗಂಟುಗಳಲ್ಲಿ ಹೆಚ್ಚಿನವು ನಿರಪಾಯಕಾರಿ ಎಂದು ಈಗ ತಿಳಿದಿದೆ. ಹಾಗಾಗಿ ನೋಡುತ್ತಾ ಇದ್ದು, ಬೇಕಾದರೆ ದೊಡ್ಡವರಾದ ಮೇಲೆ ತೆಗೆಸಬಹುದು.

ಈ ಹಳದಿ ಮಚ್ಚೆಯನ್ನೂ ಚರ್ಮ ಬೆಳೆಯದ ಬೋಳು ಕಲೆಯನ್ನೂ ಎಳೆಗೂಸಿನಲ್ಲಿ ಬರಿಗಣ್ಣಿನಿಂದ ಬೇರ್ಪಡಿಸುವುದು ನುರಿತವರಿಗೂ ಕಷ್ಟ. ಅದಕ್ಕೆ ಒಂದು ಪುಟ್ಟ ಯಂತ್ರವಿದೆ, ಡರ್ಮೋಸ್ಕೋಪ್. ಅಂಗೈಯಲ್ಲಿ ಹಿಡಿಯುವ, ಸಾಮಾನ್ಯವಾಗಿ ಹತ್ತು ಪಟ್ಟು ದೊಡ್ಡದು ಮಾಡಿ ತೋರಿಸುವ ಮಸೂರ, ಸುತ್ತ ದೀಪಗಳು. ಅದರ ಜಾಣತನ ದೊಡ್ಡದು ಮಾಡುವುದರಲ್ಲಿ ಇಲ್ಲ. ಚರ್ಮದ ಮೇಲ್ಮೈಯಿಂದ ತಟ್ಟಿ ಬರುವ ಹೊಳಪೇ ಒಳಗಿನದನ್ನು ಕಾಣದಂತೆ ಮುಚ್ಚುತ್ತದೆ. ಯಂತ್ರದಲ್ಲಿ ಬೆಳಕು ಹೊರಡುವಲ್ಲಿ ಒಂದು, ನೋಡುವಲ್ಲಿ ಅದಕ್ಕೆ ಅಡ್ಡಲಾಗಿ ಇನ್ನೊಂದು ಧ್ರುವೀಕರಣ ಗಾಜು ಇರುತ್ತದೆ. ಮೇಲಿನಿಂದಲೇ ತಿರುಗಿದ ಬೆಳಕು ಎರಡನೆಯ ಗಾಜಿನಲ್ಲಿ ತಡೆಯಲ್ಪಡುತ್ತದೆ; ಚರ್ಮದೊಳಗೆ ಹೊಕ್ಕು ಚದುರಿ ಬಂದ ಬೆಳಕು ಮಾತ್ರ ಕಣ್ಣಿಗೆ ಸೇರುತ್ತದೆ. ಹೀಗೆ ನೋಡಿದಾಗ ಒಂದರಲ್ಲಿ ಕೂದಲಿನ ಬುಡಕ್ಕೆ ಸಂಬಂಧವಿಲ್ಲದ ಹಳದಿ ಚುಕ್ಕೆಗಳು, ಇನ್ನೊಂದರಲ್ಲಿ ಪಾರದರ್ಶಕ ಚರ್ಮ, ಅದರ ಅಂಚಿನಲ್ಲಿ ಸುತ್ತಲೂ ಹೊರಮುಖವಾಗಿ ಮಲಗಿದ ಕೂದಲಿನ ಬೇರುಗಳು ಕಾಣುತ್ತವೆ. ಒಂದು ಹನಿ ರಕ್ತ ತೆಗೆಯದೆ ಸಿಗುವ ಉತ್ತರ ಇದು. ಮೊಬೈಲಿಗೆ ಜೋಡಿಸುವಂಥವೂ ಬಂದಿವೆ. ಪ್ರತಿ ತಾಲ್ಲೂಕು ಆಸ್ಪತ್ರೆಯಲ್ಲೂ ಇಂಥದ್ದೊಂದು ಇರಬೇಕೆಂದು ನಾನು ಗಟ್ಟಿಯಾಗಿ ನಂಬುತ್ತೇನೆ. ಶಿವಮೊಗ್ಗಕ್ಕೋ, ಆಗುಂಬೆ ಘಾಟಿಯ ಹದಿನಾಲ್ಕು ತಿರುವು ಇಳಿದು ಮಣಿಪಾಲಕ್ಕೋ ಹೋಗಬೇಕಾದವರು ಯಾರು, ಮನೆಯಲ್ಲೇ ನಿಶ್ಚಿಂತೆಯಾಗಿರಬಹುದಾದವರು ಯಾರು ಎಂದು ಅಲ್ಲೇ ತೀರ್ಮಾನವಾಗುವಂತಿರಬೇಕು.

ಕೆಂಪು ಮಚ್ಚೆಗಳಲ್ಲಿ ಹಿಂಗುತ್ತಿಗೆಯ ಚಪ್ಪಟೆ ಕೆಂಪಿಗೆ ಏನೂ ಮಾಡಬೇಕಿಲ್ಲ. ಹುಟ್ಟುವಾಗ ಅಷ್ಟಾಗಿ ಕಾಣದೆ, ಕೆಲವು ವಾರಗಳಲ್ಲಿ ಉಬ್ಬಿ ಕಡುಗೆಂಪಾಗುವುದು ರಕ್ತನಾಳದ ಗಂಟು. ಬೆಳೆಯುವುದು ಮೊದಲ ಐದು ತಿಂಗಳಲ್ಲೇ ಹೆಚ್ಚು, ಆಮೇಲೆ ವರ್ಷಗಳಲ್ಲಿ ಕುಗ್ಗುತ್ತದೆ. ದೊಡ್ಡದಾಗಿ ಹುಣ್ಣಾಗುವಂತಿದ್ದರೆ ಪ್ರೊಪ್ರಾನೊಲಾಲ್ ಮದ್ದಿದೆ. ಹೃದಯದ ಕಾರಣಕ್ಕೆ ಕೊಟ್ಟ ಈ ಮದ್ದಿನಿಂದ ಗಂಟೂ ಕುಗ್ಗಿದ್ದನ್ನು ಫ್ರಾನ್ಸಿನ ಬೋರ್ಡೋ ನಗರದ ವೈದ್ಯರು ಗಮನಿಸಿ 2008ರಲ್ಲಿ ಪ್ರಕಟಿಸಿದ್ದರು.

ಇನ್ನು ಅಜ್ಜಿಯರೆಲ್ಲ ಬಲ್ಲ ಹಕ್ಕಳೆ. ಮೂರನೆಯ ವಾರದ ಹೊತ್ತಿಗೆ ನೆತ್ತಿಯಲ್ಲಿ ಹಳದಿ, ಜಿಡ್ಡು ಪದರ ಕಟ್ಟುತ್ತದೆ. ತಾಯಿಯಿಂದ ಬಂದ ಹಾರ್ಮೋನು ಕೂಸಿನ ಎಣ್ಣೆಗ್ರಂಥಿಗಳನ್ನು ಚುರುಕು ಮಾಡಿರುತ್ತದೆ, ಆ ಜಿಡ್ಡಿನಲ್ಲಿ ಮಲಸೀಜಿಯಾ ಎಂಬ ಶಿಲೀಂಧ್ರ ಬೆಳೆಯುತ್ತದೆ. ತುರಿಕೆ ಇಲ್ಲ, ಕೂಸಿಗೆ ತೊಂದರೆಯೂ ಇಲ್ಲ. ಎಣ್ಣೆ ಹಚ್ಚಿ ಸ್ವಲ್ಪ ಹೊತ್ತು ಬಿಟ್ಟು, ಮೃದುವಾಗಿ ಬಾಚಿ, ತೊಳೆದುಬಿಟ್ಟರೆ ಪದರ ಸಡಿಲವಾಗುತ್ತದೆ. ದಿನವಿಡೀ ನೆತ್ತಿಯಲ್ಲಿ ಎಣ್ಣೆ ನಿಲ್ಲಿಸುವುದು ಬೇಡ. ಎಣ್ಣೆಯ ಕೊಬ್ಬಿನಾಮ್ಲಗಳೇ ಆ ಶಿಲೀಂಧ್ರಕ್ಕೆ ಆಹಾರ. ಉಗುರಿನಿಂದ ಕೀಳುವುದೂ ಬೇಡ.

ಗೊಂಚಲಾಗಿ ಏಳುವ ನೀರುಗುಳ್ಳೆಗಳಿಗೆ ಮಾತ್ರ ಒಂದು ದಿನವೂ ಕಾಯುವಂತಿಲ್ಲ. ಹುಟ್ಟಿದ ಮೊದಲ ಎರಡು ಮೂರು ವಾರಗಳಲ್ಲಿ ತಲೆಯ ಮೇಲೆ ಹೀಗೆ ಕಂಡರೆ ಅದು ಹರ್ಪಿಸ್ ಸೋಂಕಿರಬಹುದು. ಮಿದುಳಿಗೆ ಹೋಗುವ ಮುಂಚೆ ಅಸೈಕ್ಲೊವಿರ್ ರಕ್ತನಾಳಕ್ಕೆ ಸೇರಬೇಕು. ಇದನ್ನು ಸರ್ಪಸುತ್ತೆಂದು ಮಂತ್ರ ಹಾಕಿಸಲು, ಕೆಮ್ಮಣ್ಣು ಹಚ್ಚಲು ಹೋಗಿ ಕಳೆಯುವ ಹೊತ್ತು ಕೂಸಿನ ಆಯುಷ್ಯದಿಂದಲೇ ಕಳೆಯುತ್ತದೆ.

ಆಸ್ಪತ್ರೆಯಲ್ಲಿ ಹುಟ್ಟಿದ ಕೂಸನ್ನು ನೋಡಲು ಆಶಾ ಕಾರ್ಯಕರ್ತೆ 3, 7, 14, 21, 28 ಮತ್ತು 42ನೆಯ ದಿನ ಮನೆಗೆ ಬರಬೇಕು. ಕೆರೆಕಟ್ಟೆಯಂಥ ಕಾಡಂಚಿನ ಒಂಟಿ ಮನೆಗೂ ನಡೆದು ಬರುವವಳು ಅವಳು. ತೂಕ ಹಾಕುವಾಗ ಕೂಸಿನ ಟೋಪಿ ತೆಗೆದು ತಲೆಯನ್ನೂ ತೋರಿಸಿ. ಅನುಮಾನದ ಕಲೆಯಿದ್ದರೆ ಎಣ್ಣೆ ಹಚ್ಚುವ ಮುಂಚೆ, ಜಗಲಿಯ ಹಗಲು ಬೆಳಕಿನಲ್ಲಿ, ಕೂದಲು ಬಿಡಿಸಿ ಎರಡು ಫೋಟೊ ತೆಗೆಯಿರಿ: ಒಂದು ನೇರ ಮೇಲಿನಿಂದ, ಇನ್ನೊಂದು ಉಬ್ಬು ತಿಳಿಯುವಂತೆ ಬದಿಯಿಂದ. ಅಳತೆಗೆ ಪಕ್ಕದಲ್ಲಿ ಒಂದು ರೂಪಾಯಿ ನಾಣ್ಯ ಹಿಡಿಯಿರಿ. ಒಂದು ವಾರ ಬಿಟ್ಟು ಅದೇ ರೀತಿ ಮತ್ತೆ ತೆಗೆಯಿರಿ. ಆ ಫೋಟೊಗಳನ್ನೂ ತಾಯಿ ಕಾರ್ಡನ್ನೂ ಒಟ್ಟಿಗೆ ಮೇಜಿನ ಮೇಲಿಟ್ಟರೆ ಕೊಪ್ಪದ ವೈದ್ಯರಿಗೂ ಮಣಿಪಾಲದ ತಜ್ಞರಿಗೂ ಮೊದಲು ಬೇಕಾದ ಉತ್ತರಗಳು ಅದರಲ್ಲೇ ಸಿಗುತ್ತವೆ: ಕಲೆ ಹುಟ್ಟುವಾಗಲೇ ಇತ್ತೇ, ಆಮೇಲೆ ಬಂತೇ, ಬೆಳೆಯುತ್ತಿದೆಯೇ.