ಕೇಸು ವಾಪಸ್ ಸರಿ, ಆ ಒಂದು ಮಾತು ಬರೆಸಿದ್ದೀರಾ?

“ದುಡ್ಡು ಕೊಟ್ಬಿಡ್ತೀನಿ ಅಣ್ಣಾ, ಮೊದ್ಲು ಕೇಸು ವಾಪಸ್ ತಗೋ.” ಕೋರ್ಟು ಜಗಲಿಯಲ್ಲಿ ಇದು ಹಳೇ ಮಾತು. ಉದ್ರಿ ಬಾಕಿಗೆ ದಾವೆ ಹೂಡಿದ ಅಂಗಡಿಯವರು ನಂಬುತ್ತಾರೆ. ದಾವೆ ಹಿಂತೆಗೆದುಕೊಂಡಿದೆ ಎಂದು ಎರಡು ಸಾಲಿನ ಮೆಮೊ ಹೋಗುತ್ತದೆ, ಫೈಲು ಮುಚ್ಚುತ್ತದೆ. ಆರು ತಿಂಗಳಾದರೂ ಬಿಡಿಗಾಸು ಬರಲಿಲ್ಲ ಅನ್ನಿ. ಮತ್ತೆ ದಾವೆ ಹಾಕಲು ಹೋದರೆ ಬಾಗಿಲು ಬಂದ್!

ಸಿವಿಲ್ ಪ್ರೊಸೀಜರ್ ಕೋಡಿನ 23ನೇ ಆರ್ಡರಿನ 1ನೇ ರೂಲು ಹೇಳುವುದೇ ಇದನ್ನು. ದಾವೆ ವಾಪಸ್ ಪಡೆಯುವುದು ವಾದಿಯ ಹಕ್ಕು, ಯಾರೂ ತಡೆಯುವ ಹಾಗಿಲ್ಲ. ಆದರೆ “ಇದೇ ವಿಷಯಕ್ಕೆ ಮತ್ತೆ ದಾವೆ ಹೂಡಲು ಅನುಮತಿ ಕೊಡಿ” ಎಂದು ಕೇಳಿ, ಆದೇಶದಲ್ಲಿ ಅದನ್ನು ಬರೆಸಿಕೊಳ್ಳದಿದ್ದರೆ ಆ ಬಾಕಿಯ ಕಥೆ ಮುಗಿದಂತೆ. ಎದುರು ಪಾರ್ಟಿಯ ಖರ್ಚು ಕೂಡ ತಲೆಗೆ ಬರಬಹುದು. ವಾಪಸ್ ತೆಗೆದ ಮೇಲೆ ಹೊಸದಾಗಿ ಏರಿದ ಬಾಕಿಯ ಮಾತು ಬೇರೆ.

ಕೇಳಿದ ಮಾತ್ರಕ್ಕೆ ಅನುಮತಿ ಸಿಗುವುದೂ ಇಲ್ಲ. ದಾವೆಯಲ್ಲಿ ತಾಂತ್ರಿಕ ದೋಷವಿರಬೇಕು, ಇಲ್ಲವೇ ಕೋರ್ಟು ಒಪ್ಪುವಂಥ ಬಲವಾದ ಕಾರಣ ಬೇಕು. ಸರ್ಕಾರದ ಮೇಲೆ ದಾವೆ ಹಾಕುವ ಮೊದಲು 80ನೇ ಸೆಕ್ಷನ್ನಿನ ಪ್ರಕಾರ ಎರಡು ತಿಂಗಳ ನೋಟಿಸು ಕೊಡಬೇಕು. ಅದನ್ನು ಮರೆತಿದ್ದರೆ ತಾಂತ್ರಿಕ ದೋಷ. ಸಾಕ್ಷಿ ತಿರುಗಿಬಿದ್ದ, ಕೇಸು ಸೋಲೋ ಹಾಗಿದೆ ಅಂತ ಕೇಳಿದರೆ ಜಡ್ಜು ಒಪ್ಪುತ್ತಾರೆಯೇ?

ಇನ್ನು ರಿಟ್ ಅರ್ಜಿ. ಇಲ್ಲಿ ಪೆಟ್ಟು ತಿಂದದ್ದು ಒಂದು ಬಸ್ ಕಂಪನಿ. ಮಧ್ಯಪ್ರದೇಶದ ಸರ್ಗುಜಾ ಟ್ರಾನ್ಸ್‌ಪೋರ್ಟ್ ಸರ್ವೀಸ್ ಬಸ್ ಪರ್ಮಿಟ್ ವಿಚಾರಕ್ಕೆ ಹೈಕೋರ್ಟಿಗೆ ಹೋಗಿ, 1985ರಲ್ಲಿ ಅರ್ಜಿ ವಾಪಸ್ ತೆಗೆದುಕೊಂಡಿತು. ಮತ್ತೆ ಹಾಕುವ ಅನುಮತಿ ಕೇಳಿರಲಿಲ್ಲ. ಎರಡನೇ ಅರ್ಜಿ ಹಾಕಿದಾಗ ಹೈಕೋರ್ಟು ತಳ್ಳಿಹಾಕಿತು. 1986ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟೂ ಹೌದೆಂದಿತು. ತೀರ್ಪು ಬರೆದವರು ನಮ್ಮ ಕನ್ನಡಿಗ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯ, ಮುಂದೆ 1989ರಲ್ಲಿ ಅವರೇ ದೇಶದ ಮುಖ್ಯ ನ್ಯಾಯಮೂರ್ತಿಯಾದರು. ಈ ಜಡ್ಜು ಬೇಡ, ಇನ್ನೊಬ್ಬರ ಮುಂದೆ ಹೋಗೋಣ ಎಂದು ಅರ್ಜಿ ತೆಗೆದು ಅರ್ಜಿ ಹಾಕುವ ಆಟಕ್ಕೆ ತಡೆ ಬೇಕು ಎಂಬುದು ತೀರ್ಪಿನ ಸಾರ. ಅಕ್ರಮ ಬಂಧನದಲ್ಲಿರುವವರ ಬಿಡುಗಡೆಗೆ ಹಾಕುವ ಹೇಬಿಯಸ್ ಕಾರ್ಪಸ್ ಅರ್ಜಿಗೆ ಮಾತ್ರ ಈ ತಡೆ ಇಲ್ಲ.

ಅನುಮತಿ ಸಿಕ್ಕಿತು ಅಂತ ಹಾಯಾಗಿ ಕೂತವರಿಗೆ ಇನ್ನೊಂದು ಗುಂಡಿ ಇದೆ. ಅದೇ 2ನೇ ರೂಲು. ಮೊದಲ ದಾವೆ ಹಾಕಿಯೇ ಇರಲಿಲ್ಲವೋ ಎಂಬಂತೆ ವಾಯಿದೆ ಲೆಕ್ಕ ಓಡುತ್ತದೆ. ಮಾರಿದ ಸರಕಿನ ದುಡ್ಡಿಗೆ, ಉದ್ರಿ ತೀರಿಸುವ ಗಡುವಿನ ಕರಾರು ಇಲ್ಲದಿದ್ದರೆ, ಸರಕು ಕೊಟ್ಟ ದಿನದಿಂದ ಮೂರು ವರ್ಷ. ಅದರಲ್ಲಿ ಎರಡೂವರೆ ವರ್ಷ ಕೋರ್ಟಿನಲ್ಲೇ ಕಳೆದಿದ್ದರೆ ಉಳಿದದ್ದು ಆರೇ ತಿಂಗಳು! ಅಧಿಕಾರವಿಲ್ಲದ ಕೋರ್ಟಿಗೆ ನಂಬಿಕೆಯಿಂದ ಹೋಗಿದ್ದವರಿಗೆ 1963ರ ಕಾಲಮಿತಿ ಕಾಯ್ದೆಯ 14ನೇ ಸೆಕ್ಷನ್ ಸ್ವಲ್ಪ ರಿಯಾಯಿತಿ ಕೊಡುತ್ತದೆ, ಎಲ್ಲರಿಗೂ ಅಲ್ಲ.

ನಿಜಕ್ಕೂ ರಾಜಿಯಾಗಿದ್ದರೆ ವಾಪಸ್ ಮೆಮೊ ಯಾಕೆ ಬೇಕು? ಇದೇ ಆರ್ಡರಿನ 3ನೇ ರೂಲಿನಂತೆ ರಾಜಿಪತ್ರ ಬರೆದು, ಇಬ್ಬರೂ ರುಜು ಹಾಕಿ, ಕೋರ್ಟಿನಿಂದ ಡಿಕ್ರಿ ಪಡೆಯಬಹುದು. ಆಮೇಲೆ ಆಸಾಮಿ ಕೈ ಎತ್ತಿದರೆ ಹೊಸ ದಾವೆ ಬೇಕಿಲ್ಲ, ಅಮಲ್ಜಾರಿ ಅರ್ಜಿ ಸಾಕು.